ಸಮೀಪದೃಷ್ಟಿ ಎಂಬ ಪದದ ದೋಷ

ಸ್ಮರಣ ಸಂಚಿಕೆಯ ಆರೋಗ್ಯ ವಿಭಾಗಕ್ಕೆ ವೈದ್ಯ ಮಹನೀಯರು ಬರೆಯುವುದು ವಾಡಿಕೆ. ನಾನು ವೈದ್ಯನಲ್ಲ, ವಾಣಿಜ್ಯಶಾಸ್ತ್ರದಲ್ಲಿ ಪದವಿ ಪಡೆದು, ಈ ಚೆನ್ನೈ ಮಹಾನಗರದಲ್ಲಿ ಬ್ಯಾಂಕೊಂದರ ಅಧಿಕಾರಿಯಾಗಿ ಕಾಲ ಹಾಕುತ್ತಿರುವವನು. ಆದರೂ ಕಣ್ಣಿಗೆ ಸಂಬಂಧಪಟ್ಟ ಒಂದು ವಿಶೇಷಣದ ವಿಷಯವಾಗಿ ನಾನು ಹೇಳಬೇಕಾದ ಮಾತೊಂದುಂಟು. ಆ ವಿಶೇಷಣದ ಅರ್ಥ ನನಗೆ ಚೆನ್ನಾಗಿ ಗೊತ್ತಿದೆಯೆಂದು ನಾನು ನಂಬಿಕೊಂಡಿದ್ದರಿಂದಲೇ ನನ್ನ ಮಗನ ಹತ್ತು ತಿಂಗಳು ವ್ಯರ್ಥವಾದುವು.

ಆ ಪದ ‘ಮಯೋಪಿಕ್’. ಬಿ.ಕಾಂ. ಓದಿದವರಿಗೆ ಇದು ಹಳೆಯ ಪರಿಚಯ. ಥಿಯೊಡೋರ್ ಲೆವಿಟ್ ಎಂಬವರು 1960ರಲ್ಲಿ ಹಾರ್ವರ್ಡ್ ಬಿಸಿನೆಸ್ ರಿವ್ಯೂ ಪತ್ರಿಕೆಯಲ್ಲಿ ‘ಮಾರ್ಕೆಟಿಂಗ್ ಮಯೋಪಿಯಾ’ ಎಂಬ ಲೇಖನ ಬರೆದರು. ಅಮೆರಿಕದ ರೈಲ್ವೆ ಕಂಪನಿಗಳು ತಮ್ಮ ಕಸುಬು ರೈಲು ಓಡಿಸುವುದೆಂದು ತಿಳಿದವೇ ಹೊರತು ಜನರನ್ನೂ ಸರಕನ್ನೂ ಸಾಗಿಸುವುದೆಂದು ತಿಳಿಯಲಿಲ್ಲ, ಆದಕಾರಣ ತಮ್ಮ ಗಿರಾಕಿಗಳನ್ನು ಮೋಟಾರಿಗೂ ವಿಮಾನಕ್ಕೂ ಬಿಟ್ಟುಕೊಟ್ಟುವು ಎಂಬುದು ಅದರ ಒಂದು ವಾದ. ಪರೀಕ್ಷೆಗೆಂದು ಅದನ್ನು ಬಾಯಿಪಾಠ ಮಾಡಿದ ನಾನು ಮುಂದೆ ಸಾಲದ ಅರ್ಜಿಗಳ ಮೇಲೆ ಟಿಪ್ಪಣಿ ಬರೆಯುವಾಗಲೆಲ್ಲ ಆ ಪದವನ್ನು ಧಾರಾಳವಾಗಿ ಬಳಸಿದೆ. ಈ ವರ್ಷದ ಲಾಭವನ್ನಷ್ಟೇ ನೋಡುವ ಮಾಲೀಕ ಮಯೋಪಿಕ್. ಯಂತ್ರ ಹಳತಾದರೂ ಹಣ ತೆಗೆದಿಡದ ಕಾರ್ಖಾನೆ ಮಯೋಪಿಕ್. ಹೀಗೆ ನನ್ನ ಮಟ್ಟಿಗೆ ಅದು ಸ್ವಭಾವದ ಕೊರತೆಯನ್ನು ಸೂಚಿಸುವ ಪದವಾಗಿತ್ತು. ಬುದ್ಧಿ ಹೇಳಿದರೆ, ಗದರಿದರೆ, ಸರಿಹೋಗತಕ್ಕ ಕೊರತೆ.

ಮಗನಿಗೆ ಒಂಬತ್ತು ವರ್ಷ, ನಾಲ್ಕನೆಯ ತರಗತಿ. ಶಾಲೆಯಲ್ಲಿ ಕಣ್ಣಿನ ತಪಾಸಣೆ ನಡೆದು ಒಂದು ಚೀಟಿ ಮನೆಗೆ ಬಂತು. ಎರಡು ಕಣ್ಣೂ ಮಯೋಪಿಕ್, ತಜ್ಞರಿಗೆ ತೋರಿಸತಕ್ಕದ್ದು ಎಂದು ಅದರಲ್ಲಿತ್ತು. ನಾನು ನಕ್ಕು, “ನಿನಗೆ ಮುಂದಾಲೋಚನೆಯಿಲ್ಲವೆಂದು ಡಾಕ್ಟರಿಗೂ ಗೊತ್ತಾಗಿ ಹೋಯಿತಲ್ಲ” ಎಂದೆ. ನನ್ನ ಪತ್ನಿ ನನಗಿಂತ ಜಾಗರೂಕಳು. ಪದಕ್ಕೆ ಕನ್ನಡವೇನೆಂದು ಹುಡುಕಿ ‘ಸಮೀಪದೃಷ್ಟಿ ದೋಷ’ ಎಂದು ಕಂಡುಕೊಂಡಳು. ಅದನ್ನೇ ಹಾಸನದ ಕಡೆ ಊರಿನಲ್ಲಿರುವ ನನ್ನ ತಾಯಿಗೆ ದೂರವಾಣಿಯಲ್ಲಿ ಹೇಳಿದಳು. ತಾಯಿ ಕೂಡಲೇ ತೀರ್ಪು ಕೊಟ್ಟರು: “ಹತ್ತಿರದ ನೋಟದಲ್ಲಿ ದೋಷವೇ? ಹಬ್ಬಕ್ಕೆ ಬಂದಾಗ ನನ್ನ ಸೂಜಿಗೆ ದಾರ ಪೋಣಿಸಿಕೊಟ್ಟವನು ಅವನೇ. ಎಳೆ ಕಣ್ಣಿಗೆ ಕನ್ನಡಕ ಹಾಕಿಸಿ ಕೆಡಿಸಬೇಡಿ.”

ಈ ಮಾತಿಗೆ ನಮ್ಮಲ್ಲಿ ಉತ್ತರವಿರಲಿಲ್ಲ. ಸೂಜಿಗೆ ದಾರ ಪೋಣಿಸಿದ್ದನ್ನು ನಾವೂ ಕಂಡಿದ್ದೆವು. ಚೀಟಿ ಮೇಜಿನ ಸೆಳೆಖಾನೆ ಸೇರಿತು.

ಆ ಹತ್ತು ತಿಂಗಳಲ್ಲಿ ನಡೆದುದನ್ನು ನೆನೆದರೆ ನಾಚಿಕೆಯಾಗುತ್ತದೆ. ಹೊರನಾಡಿನಲ್ಲಿ ಬೆಳೆಯುವ ಮಗು ತಾಯ್ನುಡಿಯ ಅಕ್ಷರವನ್ನಾದರೂ ಕಲಿಯಲೆಂದು ಭಾನುವಾರದ ಕನ್ನಡ ತರಗತಿಗೆ ಅವನನ್ನು ಕಳುಹಿಸುತ್ತಿದ್ದೆವು. ಅಲ್ಲಿ ಕರಿಹಲಗೆಯ ಮೇಲೆ ಬರೆದುದನ್ನು ನೋಡಿ ಬರೆಯಬೇಕು. ಅವನ ಪುಸ್ತಕದಲ್ಲಿ ‘ಧನ’ ಎಂಬುದು ‘ದನ’ವಾಗಿ ಬರುತ್ತಿತ್ತು. ‘ಪಾಠ’ ‘ಪಾರ’ವಾಗುತ್ತಿತ್ತು, ‘ಷ’ ಇದ್ದಲ್ಲಿ ‘ಪ’, ‘ಮ’ ಇದ್ದಲ್ಲಿ ‘ವ’. ಕನ್ನಡ ಲಿಪಿಯ ಮರ್ಮವೇ ಹಾಗೆ: ಹೊಟ್ಟೆ ಸೀಳಿದೆಯೇ ಇಲ್ಲವೇ, ಒಳಗೆ ಚುಕ್ಕೆಯಿದೆಯೇ ಇಲ್ಲವೇ ಎಂಬಷ್ಟರಲ್ಲೇ ಅಕ್ಷರ ಬೇರೆಯಾಗುತ್ತದೆ. ನನ್ನ ಮಗ ಆ ಸೀಳನ್ನು ಕಾಣುತ್ತಲೇ ಇರಲಿಲ್ಲ. ನಾವಾದರೋ, ತಮಿಳಿನಲ್ಲಿ ಮಹಾಪ್ರಾಣಗಳಿಗೆ ಬೇರೆ ಅಕ್ಷರಗಳಿಲ್ಲ, ಆ ಊರಿನ ಗಾಳಿ ಇವನಿಗೂ ತಗುಲಿದೆ ಎಂದು ಪಾಂಡಿತ್ಯದಿಂದ ವ್ಯಾಖ್ಯಾನ ಮಾಡಿದೆವು. ಕನ್ನಡದಲ್ಲಿ ಶ್ರದ್ಧೆಯಿಲ್ಲವೆಂದು ಬೈದೆವು. ಹಲಗೆಯ ಕಡೆ ಕಣ್ಣು ಕಿರಿದು ಮಾಡಿ ನೋಡಿದರೆ, “ಅದೇನು ಚೇಷ್ಟೆ” ಎಂದು ತಲೆಗೊಂದು ಮೊಟಕಿದ್ದೂ ಉಂಟು.

ಕೊನೆಗೊಂದು ದಿನ ಬಸ್ ನಿಲ್ದಾಣದಲ್ಲಿ ನಾವು ಹತ್ತಬೇಕಾದ ಬಸ್ಸಿನ ನಂಬರನ್ನು ಓದಿ ಹೇಳೆಂದೆ. ಬಸ್ಸು ಮುಂದೆ ಬಂದು ನಿಂತ ಮೇಲೆ ಓದಿದ. ಮರುದಿನವೇ ಆಸ್ಪತ್ರೆಗೆ ಹೋದೆವು. ಔಷಧದ ಹನಿ ಹಾಕಿ, ಕಣ್ಣಿನ ಪಾಪೆ ಅರಳಿದ ಮೇಲೆ ಪರೀಕ್ಷಿಸಿ, ಎರಡು ಕಣ್ಣಿಗೂ ಮೈನಸ್ ಎರಡೂವರೆ ಎಂದರು.

ನಮ್ಮ ಲೆಕ್ಕದಲ್ಲಿ ಮೈನಸ್ ಎಂದರೆ ನಷ್ಟ, ಇಲ್ಲಿ ಹಾಗಲ್ಲ. ನಡುವೆ ತಗ್ಗಾದ, ಕಿರಣಗಳನ್ನು ಚೆದುರಿಸುವ ಮಸೂರಕ್ಕೆ ಮೈನಸ್; ನಡುವೆ ಉಬ್ಬಿ ಕಿರಣಗಳನ್ನು ಕೂಡಿಸುವುದಕ್ಕೆ ಪ್ಲಸ್. ಕಣ್ಣುಗುಡ್ಡೆ ಹಿಂದುಮುಂದಾಗಿ ಸ್ವಲ್ಪ ಉದ್ದ ಬೆಳೆದರೆ ದೂರದಿಂದ ಬಂದ ಬೆಳಕು ಅಕ್ಷಿಪಟಲವನ್ನು ಮುಟ್ಟುವ ಮೊದಲೇ ಕೂಡಿಕೊಂಡು, ಪಟಲದ ಮೇಲೆ ಕಲಸಿದ ಚಿತ್ರ ಬೀಳುತ್ತದೆ. ದೊಡ್ಡವರ ಕಣ್ಣಿನ ಉದ್ದ ಸುಮಾರು 24 ಮಿಲಿಮೀಟರು. ಒಂದು ಮಿಲಿಮೀಟರು ಹೆಚ್ಚಾದರೆ ನಂಬರು ಎರಡೂವರೆ ಮೂರರಷ್ಟು ಏರುತ್ತದೆ. ಈ ನಂಬರಿನ ಮಾನಕ್ಕೆ ಡಯಾಪ್ಟರ್ ಎಂದು ಹೆಸರು. ಅದರ ಲೆಕ್ಕ ಬಡ್ಡಿಯ ಲೆಕ್ಕಕ್ಕಿಂತ ಸುಲಭ: ಒಂದು ಮೀಟರನ್ನು ನಂಬರಿನಿಂದ ಭಾಗಿಸಿದರೆ, ಕನ್ನಡಕವಿಲ್ಲದ ಕಣ್ಣಿಗೆ ಸ್ಪಷ್ಟವಾಗಿ ಕಾಣುವ ಅತಿ ದೂರದ ಎಲ್ಲೆ ಸಿಗುತ್ತದೆ. ಮೈನಸ್ ಒಂದಕ್ಕೆ ಒಂದು ಮೀಟರು, ನಾಲ್ಕಕ್ಕೆ ಕಾಲು ಮೀಟರು. ನನ್ನ ಮಗನ ಎರಡೂವರೆಗೆ ನಲವತ್ತು ಸೆಂಟಿಮೀಟರು. ಅಂದರೆ ಅವನ ಪ್ರಪಂಚ ಒಂದು ಮೊಳದೊಳಗೆ ಮುಗಿಯುತ್ತಿತ್ತು. ಸೂಜಿಯೂ ದಾರವೂ ಆ ಮೊಳದೊಳಗಿನ ವಸ್ತುಗಳು.

ಪದದ ಮೂಲವನ್ನು ತಿಳಿದಾಗ ನನಗೆ ಮತ್ತಷ್ಟು ಪೆಟ್ಟಾಯಿತು. ಗ್ರೀಕಿನಲ್ಲಿ ‘ಮ್ಯುಯೆಯ್ನ್’ ಎಂದರೆ ಮುಚ್ಚುವುದು, ‘ಓಪ್ಸ್’ ಎಂದರೆ ಕಣ್ಣು. ಕಣ್ಣು ಕಿರಿದು ಮಾಡಿ ನೋಡುವವನೇ ಮಯೋಪಿಕ್. ರೆಪ್ಪೆಗಳ ನಡುವಣ ಸಂದು ಕಿರಿದಾದಷ್ಟೂ ಅಡ್ಡಾದಿಡ್ಡಿ ಕಿರಣಗಳು ತಡೆಯಲ್ಪಟ್ಟು ಚಿತ್ರ ಕೊಂಚ ತಿಳಿಯಾಗುತ್ತದೆ. ಯಾರೂ ಕಲಿಸದೆ ಮಗು ಕಂಡುಕೊಂಡ ಉಪಾಯವದು. ಕೆಪ್ಲರ್ 1604ರಲ್ಲಿ ಬೆಳಕು ಪಟಲದ ಮೇಲೆ ಹೇಗೆ ಬೀಳುತ್ತದೆಂದು ವಿವರಿಸುವುದಕ್ಕೆ ಎಷ್ಟೋ ಶತಮಾನಗಳ ಹಿಂದೆಯೇ ಗ್ರೀಕರು ನೋಡಿ ಹೆಸರಿಟ್ಟ ಲಕ್ಷಣವನ್ನು ನಾನು ಚೇಷ್ಟೆಯೆಂದು ಮೊಟಕಿದ್ದೆ.

ನನ್ನ ಅಜ್ಞಾನಕ್ಕೆ ನಾನೇ ಹೊಣೆ. ಆದರೆ ನನ್ನ ತಾಯಿಯ ತಪ್ಪಿಗೆ ಯಾರು ಹೊಣೆ? ಅವರು ಕನ್ನಡವನ್ನು ಸರಿಯಾಗಿಯೇ ಅರ್ಥಮಾಡಿಕೊಂಡರು. ‘ಹೃದಯದೋಷ’ ಎಂದರೆ ಹೃದಯದಲ್ಲಿ ದೋಷ, ‘ವಾಗ್ದೋಷ’ ಎಂದರೆ ಮಾತಿನಲ್ಲಿ ದೋಷ. ಹಾಗಾದರೆ ಸಮೀಪದೃಷ್ಟಿ ದೋಷವೆಂದರೆ ಸಮೀಪದ ದೃಷ್ಟಿಯಲ್ಲಿ ದೋಷವೆನ್ನದೆ ಮತ್ತೇನೆನ್ನಬೇಕು? ಪಠ್ಯಪುಸ್ತಕದ ಉದ್ದೇಶ ಇದಕ್ಕೆ ನೇರ ವಿರುದ್ಧ: ಸಮೀಪದ್ದು ಮಾತ್ರ ಕಾಣುವ ದೋಷ. ಹಾಗೆಯೇ ದೂರದೃಷ್ಟಿ ದೋಷವೆಂದರೆ ಹತ್ತಿರದ್ದನ್ನು ನೋಡುವುದು ಕಷ್ಟವಾದ ಕಣ್ಣು. ನಮ್ಮ ಬಳಗದಲ್ಲಿ ಈ ಎರಡು ಪದಗಳ ಅರ್ಥವನ್ನು ಹಲವರನ್ನು ಕೇಳಿ ನೋಡಿದೆ. ಪದವೀಧರರೂ ತಿರುವುಮುರುವಾಗಿ ಹೇಳಿದರು. ಅವರನ್ನು ದೂರುವಂತಿಲ್ಲ.

ಇಂಗ್ಲಿಷಿನವರಿಗೂ ಈ ಕಷ್ಟ ಇಲ್ಲದಿಲ್ಲ. ಅವರ ಆಡುಮಾತಿನ ಪದಗಳೂ ಕಣ್ಣಿಗೆ ಸಾಧ್ಯವಾಗುವುದನ್ನೇ ಹೇಳುತ್ತವೆ. ಆದರೆ ಅವರ ವೈದ್ಯರು ಗ್ರೀಕಿನ ಆಶ್ರಯ ಪಡೆದರು. ಹಾಲೆಂಡಿನ ಡಾಂಡರ್ಸ್ 1864ರಲ್ಲಿ ಪ್ರಕಟಿಸಿದ ಗ್ರಂಥದಲ್ಲಿ, ಹುಟ್ಟಿನಿಂದಲೇ ಕಣ್ಣಿನ ಉದ್ದ ಕಡಮೆಯಿರುವ ಹೈಪರ್‌ಮೆಟ್ರೋಪಿಯಾವನ್ನೂ ವಯಸ್ಸಾದಂತೆ ಮಸೂರ ಗಡುಸಾಗಿ ಬರುವ ಪ್ರೆಸ್‌ಬಯೋಪಿಯಾವನ್ನೂ ಬೇರೆಬೇರೆಯೆಂದು ಸ್ಪಷ್ಟಪಡಿಸಿದರು. ಗ್ರೀಕ್ ಪದ ಸಾಮಾನ್ಯನಿಗೆ ಏನೂ ಅರ್ಥವಾಗುವುದಿಲ್ಲ. ಆದ್ದರಿಂದ ಕೇಳಿ ತಿಳಿಯುತ್ತಾನೆ. ನಮ್ಮ ಸಂಸ್ಕೃತ ಪದಗಳು ಅರ್ಧ ಅರ್ಥವಾಗುತ್ತವೆ, ಕೇಳುವ ಗೋಜಿಗೆ ಯಾರೂ ಹೋಗುವುದಿಲ್ಲ. ಪೂರ್ತಿ ಕತ್ತಲೆಗಿಂತ ಅರೆಬೆಳಕಿನಲ್ಲಿ ಎಡವುವವರೇ ಹೆಚ್ಚು.

ಇದರ ಜೊತೆಗೆ ‘ದೂರದೃಷ್ಟಿ’ ನಮ್ಮಲ್ಲಿ ಮೊದಲೇ ಬಿರುದಿನ ಪದ. ಯಾವ ಸ್ಮರಣ ಸಂಚಿಕೆಯನ್ನು ತೆರೆದರೂ ವಿಶ್ವೇಶ್ವರಯ್ಯನವರಿಂದ ಹಿಡಿದು ಸಂಘದ ಹಿಂದಿನ ಕೋಶಾಧಿಕಾರಿಯವರೆಗೆ ಎಲ್ಲರೂ ದೂರದೃಷ್ಟಿಯುಳ್ಳವರೇ. ಅದೇ ಪದಕ್ಕೆ ‘ದೋಷ’ವನ್ನು ಅಂಟಿಸಿ ರೋಗಿಯ ಕೈಗೆ ಕೊಟ್ಟರೆ ಅವನೇನು ತಿಳಿಯಬೇಕು?

ಹಳಬರು ಹೀಗೆ ಮಾಡಲಿಲ್ಲ. ಇರುಳಿನಲ್ಲಿ ಕಾಣದ್ದು ಇರುಳುಗುರುಡು. ಯಾವುದು ಆಗದೋ ಅದನ್ನೇ ಹೆಸರಾಗಿಟ್ಟರು. ನಲವತ್ತಕ್ಕೆ ಬರುವುದು ಚಾಳೀಸು. ಹಿಂದೂಸ್ತಾನಿಯ ಎಣಿಕೆಯಿಂದ ಬಂದ ಪದವಾದರೂ ಹಳ್ಳಿಯ ಶಾನುಭೋಗನಿಗೂ ಅರ್ಥವಾಗುತ್ತಿತ್ತು. (ನನಗೂ ಈಗ ಬಂದಿದೆ, ಈ ಲೇಖನವನ್ನು ಕೈ ಚಾಚಿ ಹಿಡಿದು ಓದಿಕೊಂಡಿದ್ದೇನೆ.) ತಮಿಳಿನ ಶಾಸ್ತ್ರೀಯ ಪದಗಳಾದ ಕಿಟ್ಟಪ್ಪಾರ್ವೈ, ತೂರಪ್ಪಾರ್ವೈಗಳಲ್ಲಿ ನಮ್ಮ ತೊಡಕೇ ಇದೆ, ಹಿಂದಿಯಲ್ಲಿಯೂ ಇದೆ. ಆದರೆ ಚಾಳೀಸಿಗೆ ತಮಿಳರ ಆಡುಮಾತು ‘ವೆಳ್ಳೆಳುತ್ತು’, ಬಿಳಿಯ ಅಕ್ಷರ. ಓದುವ ಅಕ್ಷರ ಮಾಸಿ ಬೆಳ್ಳಗಾಗುವ ಅನುಭವವೇ ಹೆಸರಾಗಿದೆ. ಮೂವತ್ತು ವರ್ಷ ಈ ಊರಿನಲ್ಲಿದ್ದವರೂ ಇಂಥ ಒಂದು ಪದಕ್ಕಾಗಿ ತಮಿಳನ್ನು ಮೆಚ್ಚಿಕೊಂಡದ್ದನ್ನು ನಾನು ಕೇಳಿಲ್ಲ.

ನನ್ನ ಸೂಚನೆ ಇಷ್ಟೇ. ‘ಕಣ್ಣು ಮಂಜಾಗಿದೆ’ ಎಂಬುದು ನಮ್ಮ ಮನೆಮಾತು. ದೂರ ಮಂಜಾದರೆ ‘ದೂರಮಂಜು’, ಹತ್ತಿರ ಮಂಜಾದರೆ ‘ಹತ್ತಿರಮಂಜು’ ಎನ್ನೋಣ. ಪಂಡಿತರಿಗೆ ಇದು ತೀರ ಸಾದಾ ಎನಿಸಿದರೆ ಅವರು ಬೇರೆ ಪದವನ್ನು ಕಟ್ಟಲಿ; ಕಾಣದಿರುವುದು ಯಾವುದು ಎಂಬುದನ್ನು ಆ ಪದ ಹೇಳಿದರೆ ಸಾಕು. ದೂರದೃಷ್ಟಿಯನ್ನು ರಾಜಕಾರಣಿಗಳಿಗೇ ಬಿಟ್ಟುಬಿಡೋಣ.

ವೈದ್ಯರು ನನಗೆ ತಿಳಿಸಿದ ಎರಡು ಸಂಗತಿಗಳನ್ನೂ ಇಲ್ಲಿ ಹೇಳಬೇಕು. ಕನ್ನಡಕ ಹಾಕಿದ್ದರಿಂದ ನಂಬರು ಏರುತ್ತದೆ ಎಂಬ ನಂಬಿಕೆ ಸರಿಯಲ್ಲ. ಮಗು ಬೆಳೆಯುವಾಗ ಕಣ್ಣು ಉದ್ದವಾಗುವುದರಿಂದ ಏರುತ್ತದೆ. ಬೇಕೆಂದೇ ಕಡಮೆ ನಂಬರು ಕೊಟ್ಟು ಮಲೇಷ್ಯಾದಲ್ಲಿ ನಡೆಸಿದ ಪ್ರಯೋಗವೊಂದರಲ್ಲಿ (2002) ನಂಬರು ನಿಲ್ಲುವ ಬದಲು ಇನ್ನೂ ಬೇಗ ಏರಿತು. ತುಂಬ ಏರಿದ ಕಣ್ಣಿನಲ್ಲಿ ಮುಂದೆ ಅಕ್ಷಿಪಟಲ ಕಳಚುವ ಭಯವೂ ಹೆಚ್ಚು. ಆದ್ದರಿಂದ ಇದು ಬರಿಯ ಕನ್ನಡಕದ ವಿಷಯವಲ್ಲ. ಎರಡನೆಯದು ಬಯಲಿನ ಬೆಳಕು. ಚೀನಾದ ಗುವಾಂಗ್ಝೌ ನಗರದ ಶಾಲೆಗಳಲ್ಲಿ ಒಂದನೆಯ ತರಗತಿಯ ಮಕ್ಕಳನ್ನು ದಿನಕ್ಕೆ ನಲವತ್ತು ನಿಮಿಷ ಹೆಚ್ಚಾಗಿ ಹೊರಗೆ ಬಿಟ್ಟರು. ಮೂರು ವರ್ಷಗಳ ಮೇಲೆ ಅವರಲ್ಲಿ ಈ ದೋಷ ಹೊಸದಾಗಿ ಕಾಣಿಸಿಕೊಂಡದ್ದು ನೂರಕ್ಕೆ ಸುಮಾರು 30 ಮಂದಿಗೆ, ಉಳಿದ ಶಾಲೆಗಳಲ್ಲಿ ಸುಮಾರು 40 ಮಂದಿಗೆ. 2015ರಲ್ಲಿ ಈ ಫಲಿತಾಂಶ ಪ್ರಕಟವಾಯಿತು. ಚೆನ್ನೈಯ ಬಿಸಿಲಿಗೆ ಹೆದರಿ ಮಕ್ಕಳನ್ನು ಫ್ಲಾಟಿನೊಳಗೆ ಮೊಬೈಲಿನೊಡನೆ ಕೂಡಿಹಾಕುವ ನಾವು, ಸಾಯಂಕಾಲವಾದರೂ ಅವರನ್ನು ಬಯಲಿಗೆ ಬಿಡಬೇಕು.

ಎಗ್ಮೋರಿನ ಸರ್ಕಾರಿ ಕಣ್ಣಿನ ಆಸ್ಪತ್ರೆ 1819ರಷ್ಟು ಹಿಂದಿನದು; ಲಂಡನ್ನಿನ ಮೂರ್‌ಫೀಲ್ಡ್ಸ್ ಆಸ್ಪತ್ರೆಗಿಂತ ಹದಿನಾಲ್ಕೇ ವರ್ಷ ಕಿರಿದು. ಶಂಕರ ನೇತ್ರಾಲಯ 1978ರಿಂದ ಇಲ್ಲಿದೆ. ಕಣ್ಣು ತೋರಿಸಲು ದೇಶದ ಮೂಲೆಮೂಲೆಯಿಂದ ಜನ ರೈಲು ಹತ್ತಿ ಬರುವ ಊರಿನಲ್ಲಿ, ನಾನು ಚೀಟಿಯನ್ನು ಸೆಳೆಖಾನೆಯಲ್ಲಿಟ್ಟು ಕುಳಿತಿದ್ದೆ.

ಕಳೆದ ಬೇಸಗೆ ರಜೆಗೆ ಊರಿಗೆ ಹೋದೆವು. ಹಾಸನದಲ್ಲಿ ಬಸ್ಸು ನಿಂತಿದ್ದಾಗ ಮಗ ಕಿಟಕಿಯಿಂದ ರಸ್ತೆಯಾಚೆಯ ಅಂಗಡಿಗಳ ಫಲಕಗಳನ್ನು ಒಂದೊಂದಾಗಿ ಓದುತ್ತಿದ್ದ. ಒಂದರ ಬಳಿ ನಿಲ್ಲಿಸಿ, ಕನ್ನಡಕವನ್ನು ಮೂಗಿನ ಮೇಲೆ ಸರಿಪಡಿಸಿಕೊಂಡು, “ಅಪ್ಪಾ, ಅವರು ‘ಭಂಡಾರ’ದ ಹೊಟ್ಟೆ ಸೀಳುವುದನ್ನು ಮರೆತಿದ್ದಾರೆ” ಎಂದ. ನಾನು ನೋಡಿದೆ. ಅವನು ಹೇಳಿದ್ದು ನಿಜವಾಗಿತ್ತು.