ಕೋರ್ಟಿನ ಮೆಟ್ಟಿಲು ಹತ್ತಿದರೆ ಇಜ್ಜತ್ತು ಹೋಗುವುದೇ?

ದಾವಣಗೆರೆ, ಹರಿಹರಗಳ ನಮ್ಮ ಮೊಹಲ್ಲಾಗಳಲ್ಲಿ ಗಂಡ-ಹೆಂಡಿರ ಜಗಳ ಎರಡು ಮನೆತನಗಳ ಹಗೆಯಾಗಿ ಬೆಳೆದಾಗ ಹಿರಿಯರು ಹೇಳುವ ಮಾತು ಒಂದೇ: ‘ಮನೆಯ ಮಾತು ಕೋರ್ಟಿಗೆ ಹೋಗಬಾರದು, ಜಮಾಅತ್ತಿನಲ್ಲಿ ಕೂತು ಬಗೆಹರಿಸೋಣ.’ ಕೇಳಲು ಹಿತವಾದ ಮಾತು. ಆದರೆ ಹಾಗೆ ಕೂತ ಇಬ್ಬರಲ್ಲಿ ಒಬ್ಬರು ಏಟಿಗೆ ಹೆದರಿ ತಲೆಯಾಡಿಸುತ್ತಿದ್ದರೆ ಅದನ್ನು ರಾಜಿ ಎನ್ನಬಹುದೇ? ಅದು ಶರಣಾಗತಿ ಎನ್ನುತ್ತೇವೆ ನಾವು.

2025ರ ಏಪ್ರಿಲ್‌ನಲ್ಲಿ ನಮ್ಮದೇ ಜಿಲ್ಲೆಯ ಚನ್ನಗಿರಿ ತಾಲೂಕಿನ ತಾವರೆಕೆರೆಯಲ್ಲಿ ನಡೆದದ್ದನ್ನು ಮರೆಯುವಂತಿಲ್ಲ. ಹೆಂಡತಿಯ ಮೇಲೆ ಗಂಡ ಮಸೀದಿಗೆ ದೂರು ಕೊಟ್ಟ. ಆ ಹೆಂಗಸನ್ನು ಮಸೀದಿಯ ಎದುರಿಗೇ ಗಂಡಸರ ಗುಂಪೊಂದು ಕೋಲು, ಪೈಪುಗಳಿಂದ ಬಡಿಯಿತು. ಅದರ ವಿಡಿಯೋ ಊರೂರು ಸುತ್ತಿದ ಮೇಲೆ ಪೊಲೀಸರು ಆರು ಮಂದಿಯನ್ನು ಬಂಧಿಸಿದರು. ‘ನಮ್ಮ ಜಗಳ ಹೊರಗೆ ಹೋದರೆ ನಮ್ಮನ್ನು ಕಂಡರಾಗದವರ ಕೈಗೆ ಅಸ್ತ್ರ ಕೊಟ್ಟಂತೆ’ ಎನ್ನುವವರನ್ನು ಕೇಳೋಣ: ಅಂದು ಅಸ್ತ್ರ ಕೊಟ್ಟವರು ಯಾರು? ಕೋರ್ಟಿಗೆ ಹೋದ ಹೆಂಗಸೇ, ಕೋಲು ಹಿಡಿದ ಗಂಡಸರೇ?

ಜಮಾಅತ್ತೇ ಬೇಡವೆಂದು ನಾವು ಹೇಳುತ್ತಿಲ್ಲ. ಕುರ್‌ಆನಿನ ನಿಸಾ ಅಧ್ಯಾಯದ 35ನೇ ವಚನ ಗಂಡನ ಕಡೆಯಿಂದ ಒಬ್ಬ, ಹೆಂಡತಿಯ ಕಡೆಯಿಂದ ಒಬ್ಬ ಪಂಚರನ್ನು ನೇಮಿಸಲು ಹೇಳುತ್ತದೆ. ಅವರ ಕೆಲಸ ಕೂಡಿಸುವುದು, ದಂಡಿಸುವುದಲ್ಲ. ನಮ್ಮ ಪಂಚಾಯ್ತಿಗಳಲ್ಲಿ ಹೆಂಡತಿಯ ಕಡೆಯ ಪಂಚ ಎಲ್ಲಿ ಕೂರುತ್ತಾನೆ? ಫಿರ್ಯಾದು ಹೇಳುವ ಹೆಣ್ಣು ಬಾಯಿಬಡುಕಿ ಎನ್ನುವವರು 58ನೇ ಅಧ್ಯಾಯದ ಹೆಸರನ್ನು ನೆನೆಯಲಿ. ಗಂಡನ ಅನ್ಯಾಯದ ಬಗ್ಗೆ ಪ್ರವಾದಿಯವರ ಮುಂದೆ ನಿಂತು ವಾದಿಸಿದ ಹೆಣ್ಣಿನಿಂದಲೇ ಅದಕ್ಕೆ ಆ ಹೆಸರು ಬಂದಿದೆ.

ಕಾನೂನಿನ ಮಾತೂ ಸ್ಪಷ್ಟ. ದಾರುಲ್ ಖಜಾಗಳು ನ್ಯಾಯಾಲಯಗಳಲ್ಲ, ಫತ್ವಾವನ್ನು ಯಾರ ಮೇಲೂ ಬಲವಂತವಾಗಿ ಹೇರುವಂತಿಲ್ಲ ಎಂದು ಸುಪ್ರೀಂ ಕೋರ್ಟು 2014ರ ಜುಲೈ 7ರಂದು ವಿಶ್ವಲೋಚನ ಮದನ್ ಪ್ರಕರಣದಲ್ಲಿ ಹೇಳಿತು. ಎರಡೂ ಕಡೆಯವರು ಒಪ್ಪಿ ರಾಜಿಯಾಗುವುದಕ್ಕೆ ಅದು ಅಡ್ಡ ಬಂದಿಲ್ಲ.

‘ಕೋರ್ಟಿನಲ್ಲಿ ಗೆದ್ದವನು ಸೋತ, ಸೋತವನು ಸತ್ತ’ ಎಂಬ ಗಾದೆಯನ್ನು ನಾವೂ ಬಲ್ಲೆವು. ವಕೀಲರ ಫೀಸು, ಮುಂದಕ್ಕೆ ಹೋಗುವ ತಾರೀಖುಗಳು ಸುಳ್ಳಲ್ಲ. ಆದರೆ ಆಸ್ತಿಯ ವ್ಯಾಜ್ಯ ಬೇರೆ, ಜೀವಭಯ ಬೇರೆ. ಎಲ್ಲ ಧರ್ಮದ ಹೆಂಗಸರಿಗೂ ಅನ್ವಯಿಸುವ 2005ರ ಕೌಟುಂಬಿಕ ದೌರ್ಜನ್ಯ ತಡೆ ಕಾಯ್ದೆಯಲ್ಲಿ ಅರ್ಜಿ ಸಲ್ಲಿಸಿದರೆ ಸಾಮಾನ್ಯವಾಗಿ 3 ದಿನದೊಳಗೆ ಮೊದಲ ವಿಚಾರಣೆ ನಡೆಯಬೇಕು, 60 ದಿನದಲ್ಲಿ ಮುಗಿಸಲು ಪ್ರಯತ್ನಿಸಬೇಕು. ಅಷ್ಟರೊಳಗೆ ಮಧ್ಯಂತರ ರಕ್ಷಣೆ ಕೊಡಲು ಮ್ಯಾಜಿಸ್ಟ್ರೇಟರಿಗೆ ಅಧಿಕಾರವಿದೆ. ಹರಿಹರದ ಗಂಡನ ಮನೆ ಬಿಟ್ಟು ದಾವಣಗೆರೆಯ ತವರಿನಲ್ಲಿ ತಾತ್ಕಾಲಿಕವಾಗಿ ಉಳಿದವಳು ದಾವಣಗೆರೆಯಲ್ಲೇ ಅರ್ಜಿ ಹಾಕಬಹುದು. ರಕ್ಷಣಾ ಆದೇಶ ಮುರಿದವನಿಗೆ 1 ವರ್ಷದವರೆಗೆ ಜೈಲು, ಇಲ್ಲವೇ 20,000 ರೂಪಾಯಿವರೆಗೆ ದಂಡ, ಇಲ್ಲವೇ ಎರಡೂ. ಹೆಂಗಸರಿಗೆ ಕಾನೂನು ಸೇವಾ ಪ್ರಾಧಿಕಾರದ ವಕೀಲರ ನೆರವು ಉಚಿತ. ಅರ್ಜಿ ಇತ್ಯರ್ಥ ತಡವಾಗುತ್ತದೆಯೇ? ಹಾಗಾದರೆ ತಡವನ್ನು ಪ್ರಶ್ನಿಸೋಣ, ಬಾಗಿಲನ್ನೇ ಮುಚ್ಚುವುದೇಕೆ?

‘ಹೆಂಗಸು ಸುಳ್ಳು ದೂರು ಕೊಟ್ಟರೆ?’ ಎಂದು ಕೇಳುವವರಿದ್ದಾರೆ. ಕೊಡಬಹುದು. ಅದಕ್ಕೆಂದೇ ಸಾಕ್ಷಿಯಿದೆ, ಎದುರು ವಾದವಿದೆ, 30 ದಿನದೊಳಗೆ ಸೆಷನ್ಸ್ ಕೋರ್ಟಿಗೆ ಮೇಲ್ಮನವಿಯಿದೆ. ಬೀದಿಯಲ್ಲಿ ಬಿದ್ದ ಏಟಿಗೆ ಯಾವ ಮೇಲ್ಮನವಿ?

ಆದ್ದರಿಂದ ಎರಡೂ ಊರಿನ ಮುತವಲ್ಲಿಗಳಲ್ಲಿ, ಅಂಜುಮನ್ನಿನ ಹಿರಿಯರಲ್ಲಿ ನಮ್ಮ ಬೇಡಿಕೆ ಇಷ್ಟೇ. ಏಟಿಗೆ ಹೆದರಿ ಬಂದವಳನ್ನು ಹೊಡೆದವನ ಎದುರು ಕೂರಿಸಬೇಡಿ. ಮೊದಲು ಅವಳಿಗೆ ಕೋರ್ಟಿನ ರಕ್ಷಣೆ ಸಿಗಲಿ, ಆಮೇಲೆ ಅವಳು ಒಪ್ಪಿದರೆ ರಾಜಿಯ ಮಾತು. ನಮಾಜಿನ ವೇಳಾಪಟ್ಟಿಯ ಪಕ್ಕದಲ್ಲಿ ಉಚಿತ ಕಾನೂನು ನೆರವಿನ 15100 ಸಂಖ್ಯೆಯನ್ನೂ ದೊಡ್ಡ ಅಕ್ಷರದಲ್ಲಿ ಬರೆಸಿ. ಅದರಿಂದ ಯಾವ ಮಸೀದಿಯ ಇಜ್ಜತ್ತೂ ಹೋಗುವುದಿಲ್ಲ.