ಬಟಾಟಿಗೆ ಚುಚ್ಚಿದ ಗುಲಾಬಿ ಕಡ್ಡಿ ನಿಜಕ್ಕೂ ಬೇರು ಬಿಡುತ್ತದೆಯೇ?

ಗುಲಾಬಿ ಕಡ್ಡಿಗೆ ಜೇನುತುಪ್ಪ ಸವರಿ, ಬಟಾಟಿಗೆ ಚುಚ್ಚಿ ಮಣ್ಣಿನಲ್ಲಿ ಹೂಳಿದರೆ ಖಂಡಿತ ಗಿಡವಾಗುತ್ತದೆ ಎನ್ನುವ ವಿಡಿಯೊ ನಿಮಗೂ ಬಂದಿರಬಹುದು. ಬೆಳಗಾವಿ, ಖಾನಾಪುರದ ಅಂಗಳಗಳಲ್ಲಿ ಮಳೆಗಾಲಕ್ಕೆ ಕಡ್ಡಿ ಊರುವುದು ಹಳೆಯ ರೂಢಿ. ಅದಕ್ಕೆ ಬಟಾಟಿ ಬೇಕೇ? ನೋಡೋಣ.

ಚಿಗುರಿದ್ದೆಲ್ಲ ಬೇರೂರಿಲ್ಲ

ಇಂಥ ವಿಡಿಯೊಗಳು ಹೆಚ್ಚಾಗಿ ಚಿಗುರು ತೋರಿಸಿ ಮುಗಿಯುತ್ತವೆ. ಆದರೆ ಕಡ್ಡಿಯೊಳಗೆ ಮೊದಲೇ ಕೂಡಿಟ್ಟ ಆಹಾರ ಇರುತ್ತದೆ. ಬೇರಿಲ್ಲದಿದ್ದರೂ ಅದರ ಬಲದಿಂದ ಎಲೆ ಬರಬಹುದು. ಆಹಾರ ತೀರಿದಾಗ ಕಡ್ಡಿ ಒಣಗುತ್ತದೆ. ಅಷ್ಟರಲ್ಲಿ ನಾವು ವಿಡಿಯೊ ನಾಲ್ಕು ಗುಂಪಿಗೆ ಕಳಿಸಿರುತ್ತೇವೆ!

ಬೇರು ಹುಟ್ಟಿಸುವುದು ಆಕ್ಸಿನ್ ಎಂಬ ಹಾರ್ಮೋನು. ಕಡ್ಡಿಯ ಮೊಗ್ಗು ಮತ್ತು ಎಳೆ ಎಲೆಗಳಲ್ಲಿ ತಯಾರಾಗಿ ಅದು ಕೆಳಗಿಳಿಯುತ್ತದೆ. ಅಂಗಡಿಯ ಬೇರಿನ ಪುಡಿಯಲ್ಲಿ ಸಾಮಾನ್ಯವಾಗಿ ಇರುವುದು ಇದೇ ಬಗೆಯ ಇಂಡೋಲ್ ಬ್ಯುಟೈರಿಕ್ ಆಮ್ಲ. ಜೇನುತುಪ್ಪ ಸೂಕ್ಷ್ಮಾಣುಗಳನ್ನು ಸ್ವಲ್ಪ ತಡೆಯಬಹುದು, ಆದರೆ ಅದು ಬೇರಿನ ಹಾರ್ಮೋನು ಅಲ್ಲ. ಬಟಾಟಿಯ ಪಿಷ್ಟವನ್ನು ಬೇರಿಲ್ಲದ ಕಡ್ಡಿ ಬಳಸಿಕೊಳ್ಳಲಾರದು. ಬಟಾಟಿ ಕೊಳೆತರೆ ಕಡ್ಡಿಯೂ ಕೊಳೆಯಬಹುದು.

ಹಾಗಾದರೆ ಏನು ಮಾಡಬೇಕು?

- ಪೆನ್ಸಿಲ್ ದಪ್ಪದ, ರೋಗವಿಲ್ಲದ ಟೊಂಗೆಯಿಂದ 6–8 ಇಂಚಿನ ತುಂಡು ತೆಗೆಯಿರಿ. ಗೆಣ್ಣಿನ ಸ್ವಲ್ಪ ಕೆಳಗೆ ಕತ್ತರಿಸಿ.
- ಕೆಳಗಿನ ಎಲೆ ತೆಗೆದು, ಎರಡು ಗೆಣ್ಣು ಮುಚ್ಚುವಂತೆ ಮರಳು ಬೆರೆಸಿದ ಮಣ್ಣಿನಲ್ಲಿ ಊರಿ.
- ನೆರಳಿನಲ್ಲಿಡಿ, ತೇವ ಆರದಿರಲಿ. ಖಾನಾಪುರದ ಕಡೆ ಬೆಳಗಾವಿ ನಗರಕ್ಕಿಂತ ಮಳೆ ಜೋರು. ಕುಂಡ ಸೂರಿನ ಕೆಳಗಿರಲಿ, ತಳದಲ್ಲಿ ತೂತಿರಲಿ.
- ಒಂದೆರಡು ತಿಂಗಳು ಕಾಯಿರಿ. ಬೇರು ಬಂತೇ ಎಂದು ಕಿತ್ತು ನೋಡಬೇಡಿ.

ದಾಸವಾಳ, ನಂದಿಬಟ್ಟಲು ಸುಲಭವಾಗಿ ಬರುತ್ತವೆ. ದೇವಕಣಗಿಲೆಯ ಟೊಂಗೆಯನ್ನು ಒಂದು ವಾರ ನೆರಳಿನಲ್ಲಿಟ್ಟು, ಹಾಲು ಸೋರಿದ ಗಾಯ ಒಣಗಿದ ಮೇಲೆ ಊರಬೇಕು. ಸಂಪಿಗೆ ಕಡ್ಡಿಯಿಂದ ಬರುವುದು ಕಷ್ಟ, ನರ್ಸರಿಯ ಕಸಿ ಗಿಡವೇ ಮೇಲು.

ಒಂದು ಎಚ್ಚರಿಕೆ

ಕಡ್ಡಿಯನ್ನು ನೀರಿನ ಲೋಟದಲ್ಲಿಡಿ ಎನ್ನುವ ಸಲಹೆಯನ್ನು ಕಣಗಿಲೆಗೆ ಕುರುಡಾಗಿ ಪಾಲಿಸಬೇಡಿ. ಅದರ ಎಲೆ, ಕಾಂಡ, ಹೂವು ಎಲ್ಲವೂ ವಿಷ. ಅದನ್ನಿಟ್ಟ ನೀರೂ ವಿಷ. ಹೃದಯದ ಬಡಿತವನ್ನೇ ಅದು ಏರುಪೇರು ಮಾಡುತ್ತದೆ. ಕುಡಿಯುವ ಲೋಟ ಬಳಸಬೇಡಿ. ಕತ್ತರಿಸಿದ ತುಂಡು ಮಕ್ಕಳು, ಆಡು, ದನಗಳ ಬಾಯಿಗೆ ಸಿಗದಿರಲಿ. ಕೈ ತೊಳೆಯಿರಿ. ಯಾರಾದರೂ ತಿಂದರೆ ಮನೆಮದ್ದು ಹುಡುಕದೆ ತಕ್ಷಣ ಆಸ್ಪತ್ರೆಗೆ ಕರೆದೊಯ್ಯಿರಿ.

ಇನ್ನೂ ಅನುಮಾನವೇ? ಒಂದೇ ಗಿಡದ ಹತ್ತು ಕಡ್ಡಿ ತಗೊಳ್ಳಿ. ಐದನ್ನು ಬಟಾಟಿಯಲ್ಲಿ, ಐದನ್ನು ಬರೀ ಮಣ್ಣಿನಲ್ಲಿ ಊರಿ. ಎರಡು ತಿಂಗಳ ನಂತರ ಬೇರು ಎಣಿಸಿ. ಆಮೇಲೆ ವಿಡಿಯೊ ಹಂಚುವುದೋ ಬೇಡವೋ ನೀವೇ ತೀರ್ಮಾನಿಸಿ.