ಓದದೆ ಒತ್ತಿದ ಹೆಬ್ಬೆಟ್ಟು

ಸಾಹುಕಾರನ ಪತ್ರಕ್ಕೆ ಓದಿಸಿ ಕೇಳದೆ ಹೆಬ್ಬೆಟ್ಟು ಒತ್ತಿ ಹೊಲ ಕಳೆದುಕೊಂಡವರ ಸಂಗತಿಯನ್ನು ಹಿರಿಯರಿಂದ ಕೇಳಿಯೇ ಇರುತ್ತೀರಿ. ಅಕ್ಷರ ಕಲಿತ ಮೇಲೆ ಆ ಕಾಲ ಮುಗಿಯಿತೆಂದು ತಿಳಿದಿದ್ದೇವೆ. ಮುಗಿದಿಲ್ಲ. ಮೊಬೈಲಿಗೆ ಹೊಸ ಆ್ಯಪ್ ಹಾಕಿಕೊಳ್ಳುವಾಗ ಮಾರುದ್ದದ ಬರಹ ಬರುತ್ತದೆ; ಕೆಳಗೆ 'ಒಪ್ಪಿದ್ದೇನೆ' ಎಂಬ ಗುಂಡಿ. ಬರಹ ಬಿಟ್ಟು ಗುಂಡಿ ಒತ್ತುತ್ತೇವೆ.

ಆ ಬರಹದಲ್ಲಿ ಏನಿರುತ್ತದೆಂದು ಹುಡುಕಹೊರಟವರು ಅಮೆರಿಕದ ಸಾಕ್ಷ್ಯಚಿತ್ರ ನಿರ್ದೇಶಕ ಕಲೆನ್ ಹೋಬ್ಯಾಕ್. 'ಟರ್ಮ್ಸ್ ಅಂಡ್ ಕಂಡೀಷನ್ಸ್ ಮೇ ಅಪ್ಲೈ' ಎಂಬ ಅವರ ಚಿತ್ರ 2013ರಲ್ಲಿ ಬಂತು. ಷರತ್ತುಗಳು ಅನ್ವಯಿಸಬಹುದು ಎಂದು ಹೆಸರಿನ ಅರ್ಥ.

ಓದದೆ ಒಪ್ಪಿದರೆ ಏನಾಗುತ್ತದೆ? 2010ರ ಏಪ್ರಿಲ್ 1ರಂದು ಬ್ರಿಟನ್ನಿನ ಗೇಮ್‌ಸ್ಟೇಷನ್ ಎಂಬ ಅಂಗಡಿ, ಗಿರಾಕಿಯ ಆತ್ಮ ತನಗೆ ಸೇರತಕ್ಕದ್ದೆಂದು ತಮಾಷೆಗೆ ಒಂದು ಷರತ್ತು ಸೇರಿಸಿತು. ಸುಮಾರು 7,500 ಮಂದಿ ಆತ್ಮವನ್ನೇ ಬರೆದುಕೊಟ್ಟರು!

ಮುಂದಿನದು ತಮಾಷೆಯಲ್ಲ. ಆಸ್ಟ್ರಿಯದ ಕಾನೂನು ವಿದ್ಯಾರ್ಥಿ ಮ್ಯಾಕ್ಸ್ ಶ್ರೆಮ್ಸ್ 2011ರಲ್ಲಿ, ತನ್ನ ಬಗ್ಗೆ ಇಟ್ಟಿರುವ ಮಾಹಿತಿ ಕೊಡಿರೆಂದು ಫೇಸ್‌ಬುಕ್ಕನ್ನು ಕೇಳಿದ. ಬಂದದ್ದು 1,200ಕ್ಕೂ ಹೆಚ್ಚು ಪುಟ. ತಾನು ಅಳಿಸಿದ್ದ ಮಾತುಗಳೂ ಅದರಲ್ಲಿದ್ದವು. ಹಣ ಪಡೆಯದ ಸೇವೆಗೆ ಹೀಗೆ ಬೆಲೆ ತೆರುತ್ತೇವೆ: ನಮ್ಮ ವಿವರವೇ ಫಸಲು, ಜಾಹೀರಾತುದಾರರೇ ಗಿರಾಕಿಗಳು.

ಚಿತ್ರದ ಕೊನೆಗೆ ಹೋಬ್ಯಾಕ್ ಕ್ಯಾಮೆರಾ ಹಿಡಿದು ಫೇಸ್‌ಬುಕ್ ಮುಖ್ಯಸ್ಥ ಮಾರ್ಕ್ ಜುಕರ್‌ಬರ್ಗರ ಮನೆಯ ಬಳಿಗೇ ಹೋಗುತ್ತಾರೆ. ಚಿತ್ರ ತೆಗೆಯಬೇಡಿರೆಂದು ಅವರು ಕೇಳಿಕೊಳ್ಳುತ್ತಾರೆ. ಕೇಳಿದ್ದು ತಪ್ಪಲ್ಲ. ಆದರೆ ಆ ಹಕ್ಕು ನಮಗೂ ಬೇಡವೆ?

ಬೇಕೆಂಬ ತೀರ್ಪು ನಮ್ಮಲ್ಲಿ ಬಂದಿದೆ. ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ. ಎಸ್. ಪುಟ್ಟಸ್ವಾಮಿಯವರು 2012ರಲ್ಲಿ ಆಧಾರ್ ಯೋಜನೆಯನ್ನು ಪ್ರಶ್ನಿಸಿ ಹೂಡಿದ ದಾವೆಯಲ್ಲಿ, ಖಾಸಗಿತನ ಮೂಲಭೂತ ಹಕ್ಕೆಂದು ಸುಪ್ರೀಂ ಕೋರ್ಟಿನ ಒಂಬತ್ತು ನ್ಯಾಯಮೂರ್ತಿಗಳು 2017ರ ಆಗಸ್ಟ್ 24ರಂದು ಒಮ್ಮತದಿಂದ ಹೇಳಿದರು. 2023ರಲ್ಲಿ ವೈಯಕ್ತಿಕ ಮಾಹಿತಿ ರಕ್ಷಣೆಯ ಕಾಯಿದೆ ಆಯಿತು. ನಿಯಮಗಳು 2025ರ ನವೆಂಬರಿನಲ್ಲಿ ಹೊರಟವು. ಮುಖ್ಯ ಕಲಮುಗಳಿಗೆ ಅಲ್ಲಿಂದ 18 ತಿಂಗಳ ಗಡುವು.

ಸರ್ಕಾರಿ ಸಂಸ್ಥೆಗಳಿಗೆ ವಿನಾಯಿತಿ ಕೊಡಲು ಈ ಕಾಯಿದೆಯಲ್ಲಿ ಎಡೆಯಿರುವುದು ದೊಡ್ಡ ಕೊರತೆ. ಆದರೂ ರೈತರಿಗೆ ಉಪಯೋಗವಾಗುವ ಎರಡು ಮಾತು ಅದರಲ್ಲಿವೆ. ಒಪ್ಪಿಗೆ ಕೇಳುವ ತಿಳುವಳಿಕೆ ಪತ್ರ ಕನ್ನಡದಲ್ಲೂ ದೊರೆಯಬೇಕು. ಕೊಟ್ಟ ಒಪ್ಪಿಗೆಯನ್ನು, ಕೊಟ್ಟಷ್ಟೇ ಸುಲಭವಾಗಿ ಹಿಂದಕ್ಕೆ ಪಡೆಯುವಂತಿರಬೇಕು.

ಕಾಯಿದೆ ಕಾಗದದಲ್ಲಿದ್ದರೆ ಸಾಲದು, ಕೇಳುವವರು ಬೇಕು. ಟಾರ್ಚು ಹಚ್ಚುವ ಆ್ಯಪ್ ನಿಮ್ಮ ನೆಂಟರಿಷ್ಟರ ನಂಬರು ಕೇಳಿದರೆ, ಏಕೆಂದು ಯೋಚಿಸಿರಿ. ಬೇಡವಾದುದಕ್ಕೆ 'ಬೇಡ' ಒತ್ತಿರಿ. ಕನ್ನಡದಲ್ಲಿ ಕೊಡಿರೆಂದು ಕೇಳಿರಿ. ವಾಚನಾಲಯದಲ್ಲಿ ನಾಲ್ಕು ಜನ ಕೂಡಿದಾಗ ಒಬ್ಬರು ಓದಿ ಹೇಳಲಿ, ಉಳಿದವರು ಕೇಳಲಿ, ಹೆಬ್ಬೆಟ್ಟು ಆಮೇಲೆ.